ದಾಟಿದವರು ಅಪ್ಪಂದಿರು

12ನೇ ಶತಮಾನದ ಕಲ್ಯಾಣ. ಸಮಗಾರ ಹರಳಯ್ಯನವರ ಮಗನಿಗೆ, ಬ್ರಾಹ್ಮಣ ಕುಲದಿಂದ ಬಂದ ಶರಣ ಮಧುವರಸರು ಮಗಳನ್ನು ಕೊಟ್ಟರು. ಬಿಜ್ಜಳನ ಆಳ್ವಿಕೆಯಲ್ಲಿ ಇಬ್ಬರು ತಂದೆಯರಿಗೂ ಎಳೆಹೂಟೆಯ, ಅಂದರೆ ಆನೆಯ ಕಾಲಿಗೆ ಕಟ್ಟಿ ಎಳೆಸಿ ಕೊಲ್ಲುವ, ಶಿಕ್ಷೆಯಾಯಿತು ಎನ್ನುತ್ತದೆ ಪರಂಪರೆ. ಹುಡುಗ ಶೀಲವಂತ. ಹುಡುಗಿಯನ್ನು ಕೆಲವರು ಲಾವಣ್ಯ ಎನ್ನುತ್ತಾರೆ, ಕೆಲವರು ಕಲಾವತಿ. ಹೆಸರೇ ನೆಟ್ಟಗೆ ಉಳಿಯದವಳ ಮನಸ್ಸಿನಲ್ಲಿ ಒಲವಿತ್ತೋ, ಅಪ್ಪನ ಮಾತಿಗೆ ತಲೆಬಾಗಿದಳೋ, ವಿಚಾರಿಸುವ ಗೋಜಿಗೆ ಯಾರೂ ಹೋದಂತಿಲ್ಲ.

ಈ ಕೊರತೆ ದೊಡ್ಡದೇ. ಆದರೂ ನನ್ನನ್ನು ಕಾಡುವುದು ಬೇರೆ: ಇಲ್ಲಿ ಗೆರೆ ದಾಟಿದವರು ಮಕ್ಕಳಲ್ಲ, ಅಪ್ಪಂದಿರು. ಅದಕ್ಕೆ ಜೀವವನ್ನೂ ತೆತ್ತರು.

ಇಂದಿನ ಮನೆಗಳಲ್ಲಿ ಕರ್ತವ್ಯದ ಮಾತೆಲ್ಲ ಮಕ್ಕಳ ಕಡೆಗೇ ತಿರುಗಿರುತ್ತದೆ. “ಅಪ್ಪನ ಮುಖ ನೋಡಿಯಾದರೂ ಬಿಟ್ಟುಬಿಡು.” “ನಾಳೆ ನಿನ್ನ ತಂಗಿಯನ್ನು ಯಾರು ಮಾಡ್ಕೋತಾರೆ?” ಜಾತಿ ಒಂದೇ ಇದ್ದು, ತೋಟದ ಒಡೆಯನ ಮಗಳು ಅದೇ ತೋಟದ ಆಳಿನ ಮಗನನ್ನು ಮೆಚ್ಚಿದರೂ ಇದೇ ಮಾತು. ಇದನ್ನು ಬರೀ ಕಟುಕತನವೆಂದು ತಳ್ಳಿಹಾಕಲಾರೆ. ತಂಗಿಯ ಭಯ ಸುಳ್ಳಲ್ಲ. ನಮ್ಮಲ್ಲಿ ಸಾಲ ಸಿಗುವುದು, ಗಂಡು ಗೊತ್ತಾಗುವುದು, ಸತ್ತಾಗ ಹೆಗಲು ಕೊಡುವುದು, ಬಹುಪಾಲು ಎಲ್ಲವೂ ಬಳಗದೊಳಗೇ. ಬಳಗ ಬಾಗಿಲು ಹಾಕಿದರೆ ಈ ಮಾತಾಡುವ ತಾಯಿ ಯಾರ ಮನೆಗೆ ಹೋಗಬೇಕು? ಮಗಳ ಮೇಲಿನ ಪ್ರೀತಿಯೂ ಈ ಹೆದರಿಕೆಯೂ ಅವಳೊಬ್ಬಳಲ್ಲೇ ಇರುತ್ತವೆ.

ಕಾನೂನೂ ಒಂದು ಕಾಲದಲ್ಲಿ ಬಳಗದ ಹಾಗೆಯೇ ನಡೆದುಕೊಂಡಿತು. 1954ರ ವಿಶೇಷ ವಿವಾಹ ಕಾಯ್ದೆಯಡಿ ಮದುವೆಯಾದ ಹಿಂದೂವನ್ನು ಅವಿಭಕ್ತ ಕುಟುಂಬದಿಂದ ಬೇರೆಯಾದವನೆಂದೇ ಅದು ಎಣಿಸುತ್ತಿತ್ತು. ಗಂಡುಹೆಣ್ಣು ಇಬ್ಬರೂ ಹಿಂದೂಗಳಾಗಿದ್ದರೆ ಈ ನಿಯಮ ಬೇಡವೆಂದು ತಿದ್ದಿದ್ದು 1976ರಲ್ಲಿ. ಆ ಕಾಯ್ದೆಯಡಿ ಮದುವೆಯಾಗುವವರಿಗೆ 30 ದಿನಗಳ ನೋಟಿಸು, ಮೂವರು ಸಾಕ್ಷಿಗಳು ಇಂದಿಗೂ ಬೇಕು. ಎಷ್ಟೋ ಜೋಡಿಗಳಿಗೆ ಆ ಮೂವರೇ ಬಳಗ.

ಮಧುವರಸರು ಒಂಟಿಯಾಗಿರಲಿಲ್ಲ. ಹುಟ್ಟಿನ ನಂಟರು ಕೈಬಿಟ್ಟರೂ ಶರಣರು ನಂಟರಾಗಿ ನಿಂತಿದ್ದರು. ಅವರ ಧೈರ್ಯದಲ್ಲಿ ಆ ಬಳಗದ ಪಾಲೂ ಇತ್ತೆಂದು ನನಗನ್ನಿಸುತ್ತದೆ. ಹಾಗಾದರೆ ಕರ್ತವ್ಯದ ಪ್ರಶ್ನೆಯನ್ನು ಪ್ರೀತಿಸಿದವರಿಗಿಂತ ಮೊದಲು ಚಿಕ್ಕಪ್ಪ, ಸೋದರತ್ತೆ, ಭಾವಮೈದುನರಿಗೆ ಕೇಳಬೇಕು.

ನಿಮ್ಮ ಬಳಗದಲ್ಲಿ ಅಂಥದೊಂದು ಮದುವೆಯಾದರೆ ಹೋಗಿ ಉಂಡು ಬನ್ನಿ. ಆಮೇಲೆ ಮನೆಯಲ್ಲಿ ಉಳಿದಿರುವ ಆ ತಂಗಿ ಒಪ್ಪುವುದಾದರೆ, ನಿಮ್ಮ ಮಗನಿಗೆ ಹೆಣ್ಣು ಕೇಳಲು ಆ ಮನೆಗೇ ಹೋಗಿ.