ವಧುವಿನ ಹೆಜ್ಜೆಗೆ ಯಾವ ನಾದ?



ಮದುವೆಯ ದಿನ ದೇವಾಲಯದ ಹೆಬ್ಬಾಗಿಲಿನಿಂದ ಬಲಿಪೀಠದವರೆಗೆ ನಡೆಯುವ ದಾರಿ ಬಹಳ ಉದ್ದವಾದುದೇನಲ್ಲ. ನಮ್ಮ ಸಣ್ಣ ಧರ್ಮಕೇಂದ್ರಗಳಲ್ಲಂತೂ ಅದು ನಲವತ್ತು ಐವತ್ತು ಹೆಜ್ಜೆಗಳಲ್ಲಿ ಮುಗಿದುಹೋಗುತ್ತದೆ. ಆದರೂ ಆ ಒಂದೆರಡು ನಿಮಿಷಗಳಲ್ಲಿ ಯಾವ ವಾದ್ಯಸಂಗೀತ ನುಡಿಯಬೇಕು ಎಂಬ ವಿಷಯಕ್ಕೆ ಮನೆಯವರೂ ಗಾನವೃಂದದವರೂ ಗುರುಗಳೂ ಮನಸ್ತಾಪ ಮಾಡಿಕೊಳ್ಳುವುದನ್ನು ನೀವು ಕಂಡಿರಬಹುದು. ಇದು ಬರಿಯ ಅಭಿರುಚಿಯ ಪ್ರಶ್ನೆಯೇ? ಅಥವಾ ಅದರೊಳಗೆ ಧರ್ಮಸೂಕ್ಷ್ಮವೊಂದು ಅಡಗಿದೆಯೇ?

ಕೆಲವು ವರ್ಷಗಳ ಹಿಂದೆ ಮದುವೆ ನಿಶ್ಚಯವಾಗಿದ್ದ ಹೆಣ್ಣುಮಗಳೊಬ್ಬಳು ತಾಯಿಯೊಡನೆ ನನ್ನ ಬಳಿಗೆ ಬಂದಳು. ಆಕೆಯ ತಂದೆ ತೀರಿಕೊಂಡು ಎರಡು ವರ್ಷಗಳಾಗಿದ್ದವು. ಅವರು ಸಂಜೆಯ ಹೊತ್ತು ಜಗಲಿಯ ಮೇಲೆ ಕುಳಿತು ಹಳೆಯ ಕನ್ನಡ ಚಲನಚಿತ್ರವೊಂದರ ಗೀತೆಯನ್ನು ಕೊಳಲಿನಲ್ಲಿ ನುಡಿಸುತ್ತಿದ್ದರಂತೆ. "ಫಾದರ್, ನಾನು ಒಳಗೆ ನಡೆದು ಬರುವಾಗ ಅದನ್ನೇ ನುಡಿಸಬಹುದೇ? ಹಾಡುವುದು ಬೇಡ, ಬರೀ ರಾಗ ಸಾಕು" ಎಂದಳು. "ಸಿನಿಮಾ ಹಾಡಿಗೆ ದೇವಾಲಯದಲ್ಲಿ ಸ್ಥಳವಿಲ್ಲಮ್ಮ" ಎಂದು ನಾನು ಒಂದೇ ಮಾತಿನಲ್ಲಿ ಮುಗಿಸಿಬಿಟ್ಟೆ. "ಆಗಲಿ ಫಾದರ್" ಎಂದು ಆಕೆ ತಲೆತಗ್ಗಿಸಿ ಹೊರಟುಹೋದಳು. ಮದುವೆಯ ದಿನ ಗಾನವೃಂದದ ಯುವಕ ಕೀಬೋರ್ಡಿನಲ್ಲಿ ಎಲ್ಲ ಮದುವೆಗಳಲ್ಲೂ ಕೇಳಿಬರುವ ಆ ಪಾಶ್ಚಾತ್ಯ 'ವಧುವಿನ ರಾಗ'ವನ್ನು ನುಡಿಸಿದ. ನಾನು ಆಕ್ಷೇಪಿಸಲಿಲ್ಲ, ಆಕ್ಷೇಪಿಸಲು ಕಾರಣವಿದೆಯೆಂದು ನನಗೆ ಹೊಳೆಯಲೂ ಇಲ್ಲ.

ಆ ರಾಗ ಎಲ್ಲಿಂದ ಬಂತು? ಅದು ಜರ್ಮನಿಯ ರಿಚರ್ಡ್ ವಾಗ್ನರ್ ರಚಿಸಿದ 'ಲೋಹೆನ್‌ಗ್ರಿನ್' ಎಂಬ ಗೀತನಾಟಕದ್ದು. 1850ರಲ್ಲಿ ವೈಮಾರ್ ನಗರದ ರಂಗಮಂದಿರದಲ್ಲಿ ಅದು ಮೊದಲು ಪ್ರದರ್ಶನಗೊಂಡಿತು. ಅಲ್ಲಿ ಈ ಗೀತೆಯನ್ನು ಹಾಡುವುದು ವಧು ದೇವಾಲಯವನ್ನು ಪ್ರವೇಶಿಸುವಾಗ ಅಲ್ಲ. ಮದುವೆ ಮುಗಿದು ದಂಪತಿಗಳನ್ನು ಶಯನಗೃಹಕ್ಕೆ ಕರೆದೊಯ್ಯುವಾಗ. ಅದರ ಬೆನ್ನಲ್ಲೇ, ಎಂದಿಗೂ ಕೇಳಬಾರದೆಂದು ಪತಿ ವಿಧಿಸಿದ್ದ ಪ್ರಶ್ನೆಯನ್ನು ವಧು ಕೇಳಿಬಿಡುತ್ತಾಳೆ. ಪತಿ ಆಕೆಯನ್ನು ತೊರೆದು ಹೋಗುತ್ತಾನೆ, ಆಕೆ ಪ್ರಾಣ ಬಿಡುತ್ತಾಳೆ. ಮದುವೆ ಮುಗಿದು ಹೊರಬರುವಾಗ ನುಡಿಸುವ ಮೆಂಡೆಲ್ಸನ್ನರ ಮೆರವಣಿಗೆಯ ಸಂಗೀತವೂ ನಾಟಕದ್ದೇ. ಶೇಕ್ಸ್‌ಪಿಯರನ ವಿನೋದ ನಾಟಕವೊಂದಕ್ಕಾಗಿ 1842ರಲ್ಲಿ ಬರೆದದ್ದು. 1858ರಲ್ಲಿ ವಿಕ್ಟೋರಿಯಾ ರಾಣಿಯ ಮಗಳ ಮದುವೆಯಲ್ಲಿ ಅದನ್ನು ನುಡಿಸಿದ ಬಳಿಕ ಲೋಕವೆಲ್ಲ ಅದನ್ನು ಅನುಕರಿಸಿತು.

ಅಂದರೆ ನಾನು ಮಾಡಿದ್ದೇನು? ನಮ್ಮ ನೆಲದ ಚಿತ್ರಗೀತೆಯನ್ನು ಬಾಗಿಲಲ್ಲೇ ತಡೆದು, ದೂರದೇಶದ ರಂಗಗೀತೆಯನ್ನು ಒಳಗೆ ಬಿಟ್ಟೆ. ಒಂದೇ ತಪ್ಪಿಗೆ ಎರಡು ತಕ್ಕಡಿ ಹಿಡಿದೆ. ಪಾಶ್ಚಾತ್ಯವಾದುದೆಲ್ಲ ಪವಿತ್ರ, ನಮ್ಮದು ಲೌಕಿಕ ಎಂಬ ಭಾವನೆ ಎಷ್ಟು ಆಳವಾಗಿ ಬೇರುಬಿಟ್ಟಿದೆಯೆಂದು ಆಗ ನನಗೆ ಅರಿವಾಗಲಿಲ್ಲ.

ಮಾತಿಲ್ಲದ ರಾಗಕ್ಕೆ ಅರ್ಥವಿದೆಯೇ ಎಂದು ನೀವು ಕೇಳಬಹುದು. ರಾಗ ಬರೀ ನಾದ, ಅದಕ್ಕೆ ಪಾಪವೂ ಇಲ್ಲ ಪುಣ್ಯವೂ ಇಲ್ಲ ಎನ್ನುವವರಿದ್ದಾರೆ. ಆ ಮಾತಿನಲ್ಲಿ ಸತ್ಯಾಂಶವಿದೆ. ವಾಗ್ನರನ ಕಥೆ ನಮ್ಮ ಜನರಲ್ಲಿ ಹೆಚ್ಚಿನವರಿಗೆ ತಿಳಿಯದು. ಅವರ ಪಾಲಿಗೆ ಆ ರಾಗವೆಂದರೆ ಮದುವೆ, ಅಷ್ಟೇ. ಬಳಕೆಯು ಹಳೆಯ ಅರ್ಥವನ್ನು ತೊಳೆದುಹಾಕಿದೆ. ಆದರೆ ರಾಗವು ನೆನಪನ್ನು ಹೊತ್ತು ತರುತ್ತದೆ ಎಂಬುದೂ ಅಷ್ಟೇ ಸತ್ಯ. ಆ ಕೊಳಲಿನ ರಾಗ ಮಗಳಿಗೆ ತಂದೆಯನ್ನು ತಂದುಕೊಡುತ್ತಿತ್ತು. ಅಲ್ಲಿ ನೆರೆದಿದ್ದ ನೂರಾರು ಜನರಿಗೆ ಬೆಳ್ಳಿತೆರೆಯ ನಾಯಕ ನಾಯಕಿಯರನ್ನು ತಂದುಕೊಡುತ್ತಿತ್ತು. ದೇವಾಲಯದ ಸಂಗೀತ ಒಬ್ಬರ ಸ್ವಂತದ್ದಲ್ಲ, ಸಮುದಾಯದ್ದು. ಆದುದರಿಂದ 'ಬೇಡ' ಎಂದ ನನ್ನ ತೀರ್ಮಾನ ತಪ್ಪಲ್ಲವೆಂದೇ ಇಂದಿಗೂ ಭಾವಿಸುತ್ತೇನೆ. ಆದರೆ ಕಾರಣವನ್ನು ಹೇಳದೆ, ಆಕೆಯ ದುಃಖವನ್ನು ಕೇಳದೆ ಹೇಳಿದ 'ಬೇಡ' ನ್ಯಾಯವಾಗಿರಲಿಲ್ಲ.

ಹಾಗಾದರೆ ಅಳತೆಗೋಲು ಯಾವುದು? ಆ ನಡಿಗೆ ಏನೆಂಬುದನ್ನು ಮೊದಲು ತಿಳಿಯೋಣ. 1969ರಲ್ಲಿ ಪ್ರಕಟವಾದ ರೋಮನ್ ವಿವಾಹ ವಿಧಿಯ ಪ್ರಕಾರ ಗುರುಗಳು ಬಾಗಿಲಿಗೆ ಹೋಗಿ ವಧೂವರರನ್ನು ಬರಮಾಡಿಕೊಳ್ಳಬಹುದು. ಸೇವಕರು ಮುಂದೆ, ಅವರ ಹಿಂದೆ ಗುರುಗಳು, ಬಳಿಕ ವಧೂವರರಿಬ್ಬರೂ ಬಲಿಪೀಠದತ್ತ ನಡೆಯುತ್ತಾರೆ. ತಂದೆತಾಯಂದಿರೂ ಸಾಕ್ಷಿಗಳೂ ಜೊತೆಗೂಡಬಹುದು. ಆಗ ಪ್ರವೇಶಗೀತೆ ಹಾಡಲಾಗುತ್ತದೆ. ಇದು ವಧುವಿನ ಉಡುಗೆತೊಡುಗೆಯ ಪ್ರದರ್ಶನವಲ್ಲ. ತಮ್ಮ ಒಪ್ಪಿಗೆಯನ್ನು ದೇವರ ಮುಂದೆ ನುಡಿಯಲು ಹೊರಟ ಇಬ್ಬರ ಯಾತ್ರೆ. ನಾವೆಲ್ಲ ಅದರ ಸಹಯಾತ್ರಿಕರು. ವಾದ್ಯಸಂಗೀತ ಈ ಯಾತ್ರೆಗೆ ಸೇವೆ ಸಲ್ಲಿಸಬೇಕು.

ದ್ವಿತೀಯ ವ್ಯಾಟಿಕನ್ ಮಹಾಸಭೆಯು 1963ರ ದೈವಾರಾಧನಾ ಸಂವಿಧಾನದಲ್ಲಿ ಪೈಪ್ ಆರ್ಗನ್ ವಾದ್ಯವನ್ನು ಗೌರವಿಸಿತು. ಆರಾಧನೆಗೆ ತಕ್ಕವಾದ, ದೇವಾಲಯದ ಘನತೆಗೆ ಒಪ್ಪುವ ಇತರ ವಾದ್ಯಗಳಿಗೂ, ಧರ್ಮಾಧಿಕಾರಿಗಳ ಅನುಮತಿಯೊಡನೆ, ಬಾಗಿಲು ತೆರೆಯಿತು. ಆಯಾ ನಾಡಿನ ಸಂಗೀತ ಪರಂಪರೆಗೆ ತಕ್ಕ ಸ್ಥಾನ ಕೊಡಬೇಕೆಂದೂ ತಿಳಿಸಿತು. ಕೀರ್ತನೆ 150ರಲ್ಲಿ ತುತೂರಿ, ತಂತಿವಾದ್ಯ, ಕೊಳಲು, ತಾಳಗಳೆಲ್ಲವೂ ದೇವರ ಸ್ತುತಿಗೆ ಕೂಡಿವೆ. ಆದ್ದರಿಂದ ನಮ್ಮ ಭಕ್ತಿಗೀತೆಯೊಂದನ್ನು ಕೊಳಲಿನಲ್ಲೋ ವೀಣೆಯಲ್ಲೋ ನುಡಿಸಿದರೆ ಸಂಕೋಚವೇಕೆ? ಹಾಗೆಂದು ಹೊರಗಿನದು ಬೇಡವೆಂದಲ್ಲ. ಲೂಥರನ್ ಪಂಥದ ಬಾಖ್ 1723ರಲ್ಲಿ, ಮಾತೆ ಮರಿಯಳು ಎಲಿಜಬೇತಳನ್ನು ಸಂದರ್ಶಿಸಿದ ಹಬ್ಬಕ್ಕಾಗಿ ಸಿದ್ಧಪಡಿಸಿದ ಕೃತಿಯೊಂದರಲ್ಲಿ ಯೇಸುವನ್ನು ಆನಂದವೆಂದು ಸ್ತುತಿಸುವ ಭಾಗವಿದೆ. ಸಂತೋಷದಿಂದ ನಡೆದುಹೋದ ಸ್ತ್ರೀಯೊಬ್ಬಳ ಹಬ್ಬದ ಆ ಸಂಗೀತ ವಧುವಿನ ಹೆಜ್ಜೆಗೆ ಎಷ್ಟು ಚೆನ್ನಾಗಿ ಒಪ್ಪುತ್ತದೆ!

ಆದುದರಿಂದ ರಾಗವನ್ನು ಆರಿಸುವಾಗ ನಿಮ್ಮನ್ನೇ ಕೇಳಿಕೊಳ್ಳಿ: ಇದು ನೆರೆದವರ ಮನಸ್ಸನ್ನು ಬಲಿಪೀಠದತ್ತ ತಿರುಗಿಸುತ್ತದೆಯೋ ಅಥವಾ ನಮ್ಮತ್ತಲೇ ಸೆಳೆಯುತ್ತದೆಯೋ? ಮುಂದಿನ ವಾರ ಇದೇ ದಾರಿಯಲ್ಲಿ ನಡೆಯಲಿರುವ ಬಡಮನೆಯ ವಧು, ನಮ್ಮ ಆಡಂಬರ ಕಂಡು ತನ್ನ ಮದುವೆ ಕಡಿಮೆಯಾಯಿತೆಂದು ನೊಂದಾಳೆಯೇ? ಗುರುಗಳೊಡನೆ ಮೊದಲೇ ಬಂದು ಮಾತನಾಡಿ. ನಾವು ಗುರುಗಳೂ ಉತ್ತರಿಸುವ ಮುನ್ನ ಕೇಳಿಸಿಕೊಳ್ಳಲು ಕಲಿಯಬೇಕು.

ಆ ಮಗಳು ಮುಂದೆ ತನ್ನ ಕೂಸಿನ ಜ್ಞಾನಸ್ನಾನಕ್ಕೆ ಬಂದಾಗ ನಾನು ಕ್ಷಮೆ ಕೇಳಿದೆ. ಆಕೆ ನಕ್ಕು ಹೇಳಿದಳು: "ಮದುವೆಯ ಬೆಳಿಗ್ಗೆ ಮನೆಯಿಂದ ಹೊರಡುವ ಮುಂಚೆ ತಮ್ಮ ಅಪ್ಪನ ಕೊಳಲಿನಲ್ಲೇ ಅದನ್ನು ನುಡಿಸಿದ ಫಾದರ್. ಎಲ್ಲರೂ ಅತ್ತೆವು. ಪೂಜೆಯಲ್ಲಿ ನೀವು ಅಪ್ಪನ ಹೆಸರು ಹೇಳಿ ಪ್ರಾರ್ಥಿಸಿದಿರಲ್ಲ, ಆಗ ಸಮಾಧಾನವಾಯಿತು." ಆ ರಾಗಕ್ಕೆ ತಕ್ಕ ಸ್ಥಳವನ್ನು ನಾನು ತೋರಿಸಿಕೊಡಬೇಕಿತ್ತು, ಅದನ್ನು ಅವರೇ ಕಂಡುಕೊಂಡಿದ್ದರು.