ನಕಲಿ ಕೀಲಿಯ ಬೆಲೆ ತೆರುವವರು ಯಾರು?

ಸಿಂಧನೂರು ತಾಲ್ಲೂಕಿನ ಆರ್.ಎಚ್. ಕ್ಯಾಂಪ್‌ನಲ್ಲಿ ಕಂಪ್ಯೂಟರ್ ರಿಪೇರಿ ಮಾಡುವ ಯುವಕನೊಬ್ಬ ನನ್ನನ್ನು ಕೇಳಿದ: "ದುಡ್ಡಿಲ್ಲದೆ ವಿಂಡೋಸ್ ಆಕ್ಟಿವೇಶನ್ ಮಾಡಿಕೊಟ್ರೆ ಕದ್ದಂಗ ಹೆಂಗಾಗ್ತದ್ರಿ ಫಾದರ್? ಕಂಪನಿಯವರದು ಅವರ ಹತ್ರಾನೇ ಐತಲ್ಲ."

ಪ್ರಶ್ನೆ ಸುಲಭದ್ದಲ್ಲ. ಎತ್ತು ಕದ್ದರೆ ಕೊಟ್ಟಿಗೆ ಬರಿದಾಗುತ್ತದೆ. ತಂತ್ರಾಂಶ ನಕಲು ಮಾಡಿದರೆ ಯಾರ ಕೊಟ್ಟಿಗೆಯೂ ಬರಿದಾಗದು. ಆದರೂ ದುಡಿದವನಿಗೆ ಸಲ್ಲಬೇಕಾದುದನ್ನು ತಡೆಹಿಡಿಯುವುದೂ ಏಳನೆಯ ಆಜ್ಞೆಗೆ ವಿರುದ್ಧವೆಂದು ಧರ್ಮಸಭೆ ಬೋಧಿಸುತ್ತ ಬಂದಿದೆ. ಕಾನೂನೂ ಸುಮ್ಮನಿಲ್ಲ. ಕೃತಿಸ್ವಾಮ್ಯ ಕಾಯ್ದೆಗೆ 1994ರಲ್ಲಿ ಸೇರಿಸಿದ 63ಬಿ ಕಲಮಿನಂತೆ, ಗೊತ್ತಿದ್ದೂ ನಕಲಿ ತಂತ್ರಾಂಶ ಬಳಸಿದವನಿಗೆ 3 ವರ್ಷದವರೆಗೆ ಸೆರೆವಾಸ ಆಗಬಹುದು.

ಅವನು ಒಪ್ಪಲಿಲ್ಲ. ಶ್ರೀಮಂತ ಕಂಪನಿಯ ನಷ್ಟಕ್ಕೆ ಮರುಗುವವರು ಯಾರು? ಹಾಗಾದರೆ ಆ ಉಪಕರಣ ಮಾಡುವ ಕೆಲಸವನ್ನೇ ನೋಡೋಣ ಎಂದೆ.

ಮನೆಬಳಕೆಯ ವಿಂಡೋಸ್‌ಗೆ ಆಕ್ಟಿವೇಶನ್ ಬಂದದ್ದು 2001ರ ಎಕ್ಸ್‌ಪಿಯೊಡನೆ. ವಿಸ್ಟಾ ಕಾಲಕ್ಕೆ ದೊಡ್ಡ ಕಚೇರಿಗಳಿಗೆ ಕೆಎಂಎಸ್ ಎಂಬ ಏರ್ಪಾಡಾಯಿತು. ಕಚೇರಿಯದೇ ಒಂದು ಸರ್ವರ್ ಉಳಿದ ಕಂಪ್ಯೂಟರ್‌ಗಳಿಗೆ ಒಪ್ಪಿಗೆ ಕೊಡುತ್ತದೆ. ಆ ಒಪ್ಪಿಗೆ 180 ದಿನ ನಡೆಯುತ್ತದೆ. ಕೆಎಂಎಸ್‌ಪಿಕೊದಂಥ ಉಪಕರಣಗಳು ಕಂಪ್ಯೂಟರಿನೊಳಗೇ ಒಂದು ಸುಳ್ಳು ಸರ್ವರ್ ಕೂಡಿಸುತ್ತವೆ. ಕೇಳುವುದೂ ಒಪ್ಪಿಗೆ ಕೊಡುವುದೂ ಅದೇ ಯಂತ್ರ! ಇದಕ್ಕಾಗಿ ಯಂತ್ರದ ಪೂರ್ಣ ಅಧಿಕಾರವನ್ನು ಅದರ ಕೈಗೆ ಕೊಡಬೇಕು. ಆಂಟಿವೈರಸ್ ಬಂದ್ ಮಾಡಿ ಎಂಬ ಸೂಚನೆ ಬೇರೆ. ಕಾವಲು ನಾಯಿಯನ್ನು ಕಟ್ಟಿಹಾಕಿ ಅಪರಿಚಿತನಿಗೆ ಬಾಗಿಲು ತೆರೆದಂತಾಯಿತು. 2021ರಲ್ಲಿ ಕೆಎಂಎಸ್‌ಪಿಕೊ ಹೆಸರಿನ ಫೈಲುಗಳಲ್ಲಿ ಕ್ರಿಪ್ಟ್‌ಬಾಟ್ ಎಂಬ ಕಳ್ಳ ತಂತ್ರಾಂಶ ಅಡಗಿದ್ದುದು ಪತ್ತೆಯಾಯಿತು. ಬ್ರೌಸರ್‌ನಲ್ಲಿ ಉಳಿಸಿಟ್ಟ ಪಾಸ್‌ವರ್ಡ್‌ಗಳನ್ನು ಕದ್ದು ಸಾಗಿಸುವುದೇ ಅದರ ಕೆಲಸ.

ಈಗ ಹೇಳಿ, ನಷ್ಟ ಕಂಪನಿಯದು ಮಾತ್ರವೇ? ಈ ಕ್ಯಾಂಪು ಪೂರ್ವ ಪಾಕಿಸ್ತಾನದಿಂದ ಬಂದ ಬಂಗಾಳಿ ನಿರಾಶ್ರಿತರ ನೆಲೆ. ಒಂದೊಂದು ಕಾಗದಪತ್ರಕ್ಕೂ ಎಷ್ಟು ಬೆಲೆಯೆಂದು ಇಲ್ಲಿನ ಹಿರಿಯರನ್ನು ಕೇಳಬೇಕು. ಅವರ ಆಧಾರ್, ಪಾಸ್‌ಬುಕ್ ಸ್ಕ್ಯಾನ್ ಆಗುವುದು ಇಂಥ ಅಂಗಡಿಗಳಲ್ಲೇ. ನಂಬಿ ಕೊಟ್ಟವರಿಗೆ ಒಳಗಿನ ಸುಳ್ಳು ಸರ್ವರಿನ ಸುಳಿವೂ ಇರುವುದಿಲ್ಲ.

ಬಡತನದ ನೆಪವೂ ಪೂರ್ತಿ ನಿಲ್ಲದು. ಲಿನಕ್ಸ್ ಉಚಿತವಾಗಿ ಸಿಗುತ್ತದೆ. ಕೇರಳದ ಸರ್ಕಾರಿ ಶಾಲೆಗಳಲ್ಲಿ ಅದರಲ್ಲೇ ಕಲಿಸುತ್ತಾರೆ. (ಪ್ರಿಂಟರ್ ಕೆಲವೊಮ್ಮೆ ಹಟ ಮಾಡುತ್ತದೆ, ಅದೂ ನಿಜ.)

ಯುವಕ ಬಹಳ ಹೊತ್ತು ಸುಮ್ಮನಿದ್ದ. "ಇಷ್ಟು ದಿನ ಹಾಕಿಕೊಟ್ಟೀನಲ್ರಿ, ಅವರಿಗೇನ್ ಹೇಳ್ಲಿ?" ಎಂದ. ಮುಚ್ಚಿಡದೆ ಹೇಳು, ಪೂರ್ತಿ ಅಳಿಸಿ ಅಸಲಿಯನ್ನೋ ಲಿನಕ್ಸನ್ನೋ ಹಾಕಿಕೊಡು, ಬೇರೆ ಯಂತ್ರದಿಂದ ಪಾಸ್‌ವರ್ಡ್ ಬದಲಿಸಲು ತಿಳಿಸು. ಕೂಲಿ ಕೇಳಬೇಡ ಎಂದೆ. ಅಲ್ಲೇ ಕುಳಿತು ಪಟ್ಟಿ ಬರೆಯತೊಡಗಿದ. ಮೊದಲು ಬರೆದದ್ದು ಅವನ ಅಕ್ಕನ ಹೆಸರು.