ಕಾಲು ಸೋಕಿದ ಹಿಟ್ಟು

ಅನ್ನಕ್ಕೆ ಕಾಲು ತಗಲಬಾರದೆಂಬುದು ನಮ್ಮ ಮನೆಗಳಲ್ಲಿ ಮಕ್ಕಳು ಮಾತು ಕಲಿಯುವುದಕ್ಕೆ ಮೊದಲೇ ಕಲಿಯುವ ಪಾಠ. ಊಟದೆಲೆಯಿಂದ ಸಿಡಿದ ಒಂದು ಅಗುಳನ್ನು ಅರಿಯದೆ ಮೆಟ್ಟಿದರೂ ಬಗ್ಗಿ, ಅದನ್ನು ಬೆರಳಿನಿಂದ ಮುಟ್ಟಿ, ಆ ಬೆರಳನ್ನು ಕಣ್ಣಿಗೊತ್ತಿಕೊಳ್ಳಬೇಕು. ಏಕೆಂದು ಕೇಳಿದ ಮಗುವಿಗೆ ಯಾರಾದರೂ ಕಾರಣವನ್ನು ಹೇಳಿದಂತೆ ನನಗೆ ನೆನಪಿಲ್ಲ. ಕಾರಣವನ್ನು ಹೇಳಿ ಕಲಿಸಿದ ಪಾಠವನ್ನು ಇನ್ನೊಂದು ಕಾರಣದಿಂದ ಅಲ್ಲಗಳೆಯಬಹುದು. ಮೈಗೇ ಕಲಿಸಿದ ಪಾಠವನ್ನು ಮೈಯೇ ಮರೆಯಬೇಕು, ಅದು ಸುಲಭವಾಗಿ ಮರೆಯುವುದಿಲ್ಲ. ನನಗೀಗ ಅರವತ್ತು ಸಮೀಪಿಸಿದೆ. ಎಷ್ಟೋ ಆಚಾರಗಳನ್ನು ಬಿಟ್ಟಿದ್ದೇನೆ. ಕೆಲವನ್ನು ವಿಚಾರ ಮಾಡಿ ಬಿಟ್ಟೆ, ಹೆಚ್ಚಿನವನ್ನು ಸೋಮಾರಿತನದಿಂದ ಬಿಟ್ಟೆ. ಇದೊಂದನ್ನು ಬಿಟ್ಟಿರಲಿಲ್ಲ. ಜಪಾನು ದೇಶದ ಕ್ಯೋಟೋ ನಗರದ ಒಂದು ಅಡಿಗೆಯ ಶಾಲೆಯಲ್ಲಿ ಇದನ್ನೂ ಬಿಟ್ಟೆನೋ, ಅಥವಾ ಅಲ್ಲಿಯೇ ಮೊದಲ ಬಾರಿಗೆ ಅರಿತು ಪಾಲಿಸಿದೆನೋ ಎಂಬುದು ನನಗಿನ್ನೂ ಪೂರ್ತಿಯಾಗಿ ಬಗೆಹರಿದಿಲ್ಲ. ಅದನ್ನು ವಾಚಕರ ಮುಂದಿಟ್ಟು ಅವರೊಡನೆ ಯೋಚಿಸಬೇಕೆಂಬುದೇ ಈ ಬರೆಹದ ಉದ್ದೇಶ.

ಪ್ರವಾಸ ಹೋದವರು ಗುಡಿಗೋಪುರಗಳನ್ನು ನೋಡಿ ದಣಿದ ಮೇಲೆ ಒಂದು ಮಧ್ಯಾಹ್ನವನ್ನು ಅಲ್ಲಿಯ ಕೈಗೆಲಸವೊಂದನ್ನು ಕಲಿಯುವುದಕ್ಕೆ ಮೀಸಲಿಡುವುದು ಈಗ ಎಲ್ಲ ದೇಶಗಳಲ್ಲಿಯೂ ರೂಢಿಯಾಗಿದೆ. ಜಪಾನಿನಲ್ಲಿ ಹೀಗೆ ಕಲಿಸುವ ಅಡಿಗೆಗಳಲ್ಲಿ ರಾಮೆನ್ ಒಂದು. ಗೋಧಿಹಿಟ್ಟಿನ ಎಳೆಗಳನ್ನು ಬೇಯಿಸಿ, ಕುದಿಯುವ ಸಾರಿನೊಳಗೆ ಬಿಟ್ಟು, ದೊಡ್ಡ ಬೋಗುಣಿಯಲ್ಲಿ ಬಡಿಸುವ ಊಟವದು. ಅದು ಆ ನಾಡಿನ ಪುರಾತನವಾದ ಅಡಿಗೆಯೇನೂ ಅಲ್ಲ. ಚೀನಾದೇಶದವರ ಸಂಗಡ ಬಂದರುಪಟ್ಟಣಗಳಿಗೆ ಬಂದದ್ದು. 1910ರಲ್ಲಿ ಟೋಕಿಯೋದ ಅಸಾಕುಸಾದಲ್ಲಿ ತೆರೆದ ರೈರೈಕೆನ್ ಎಂಬ ಅಂಗಡಿಯವರು ಯೊಕೊಹಾಮಾದಿಂದ ಚೀನೀ ಬಾಣಸಿಗರನ್ನು ಕರೆತಂದು ಅದರ ರುಚಿಯನ್ನು ಸಾಮಾನ್ಯ ಜನರಿಗೆ ಹತ್ತಿಸಿದರು. ಎರಡನೆಯ ಮಹಾಯುದ್ಧದ ತರುವಾಯ ಅಕ್ಕಿ ಸಾಲದೆ ಅಮೆರಿಕದ ಗೋಧಿಯನ್ನು ನೆಚ್ಚಬೇಕಾಗಿ ಬಂದ ಹಸಿವಿನ ದಿನಗಳಲ್ಲಿ ಅದು ಬೀದಿಬೀದಿಗಳಿಗೆ ಹಬ್ಬಿತು. 1958ರಲ್ಲಿ ಮೊಮೊಫುಕು ಆಂಡೋ ಎಂಬವರು ಬಿಸಿನೀರು ಹೊಯ್ದರೆ ಸಿದ್ಧವಾಗುವ ಒಣ ರಾಮೆನ್ನನ್ನು ಮಾರಾಟಕ್ಕೆ ತಂದರು; ನಮ್ಮ ಮನೆಗಳಲ್ಲಿ ಮಕ್ಕಳು ಸಂಜೆ ಬೇಯಿಸಿಕೊಳ್ಳುವ ಪೊಟ್ಟಣದ ಶಾವಿಗೆಯೂ ಆ ವಂಶದ್ದೇ.

ಶಾಲೆಯೆಂದೆನಲ್ಲ, ಅದೊಂದು ಹಳೆಯ ಮರದ ಮನೆಯ ಕೆಳ ಅಂತಸ್ತು. ಕಲಿಯುವವರು ಆರು ಜನ. ಕಲಿಸುವವರು ನನ್ನದೇ ವಯಸ್ಸಿನ ಒಬ್ಬ ಗೃಹಿಣಿ. ಪಾದರಕ್ಷೆಗಳನ್ನು ಬಾಗಿಲಲ್ಲೇ ಬಿಟ್ಟು ಒಳಕ್ಕೆ ಹೋದೆವು. ಮಾಂಸವನ್ನು ವರ್ಜಿಸಿದವರಿಗೆಂದು ಬೇರೆ ಸಾರು ಸಿದ್ಧವಾಗಿತ್ತು: ಕೊಂಬು ಎಂಬ ಒಣಗಿದ ಕಡಲಪಾಚಿಯನ್ನೂ ಒಣ ಅಣಬೆಯನ್ನೂ ಹಿಂದಿನ ರಾತ್ರಿಯೇ ನೆನೆಯಿಟ್ಟು ತೆಗೆದದ್ದು. ಉಳಿದವರ ಎಲುಬಿನ ಸಾರು ಇನ್ನೂ ಹೆಚ್ಚು ಹೊತ್ತು ಕುದಿದಿರಬೇಕು. ಮೂರು ಗಂಟೆಗಳಲ್ಲಿ ರಾಮೆನ್ ಮಾಡಲು ಕಲಿತೆವೆಂದು ಹೇಳಿಕೊಳ್ಳುವ ನಮ್ಮಂಥವರ ಬೆನ್ನ ಹಿಂದೆ ನಾವು ಕಾಣದ ಒಂದು ರಾತ್ರಿಯ ದುಡಿಮೆ ಇರುತ್ತದೆ. ಇರಲಿ, ಅದು ಬೇರೆಯ ಮಾತು.

ಹಿಟ್ಟು ಕಲೆಸುವ ಕೆಲಸ ನಮ್ಮ ಪಾಲಿಗೆ ಬಂತು. ರಾಮೆನ್ನಿನ ಹಿಟ್ಟಿಗೆ ನೀರು ಬಹಳ ಕಡಮೆ; 100 ಪಾಲು ಹಿಟ್ಟಿಗೆ 35 ಪಾಲಿನಷ್ಟು. ನಮ್ಮ ಚಪಾತಿಯ ಹಿಟ್ಟು ಇದರ ಒಂದೂವರೆಯಷ್ಟಕ್ಕಿಂತ ಹೆಚ್ಚು ನೀರನ್ನು ಕುಡಿಯುತ್ತದೆ. ಆ ನೀರಿಗೆ ಉಪ್ಪಿನ ಜೊತೆಗೆ ಕಾನ್ಸುಯಿ ಎಂಬ ಒಂದು ಕ್ಷಾರವನ್ನು ಕೂಡಿಸುತ್ತಾರೆ. ಅದನ್ನು ನಾಲಗೆಯ ತುದಿಗಿಟ್ಟುಕೊಂಡಾಗ ನನಗೆ ನಗು ಬಂತು, ಅದು ನಮ್ಮ ಹಪ್ಪಳಖಾರದ ಸೋದರ. ಎಳೆಗೆ ಹಳದಿಯ ಛಾಯೆಯೂ ಸೆಟೆದು ನಿಲ್ಲುವ ಗುಣವೂ ಬರುವುದು ಅದರಿಂದಲೇ. ಕ್ಷಾರ ಬೆರೆತ ಆ ಹಿಟ್ಟು ಕೈಗೆ ಬಗ್ಗಲಿಲ್ಲ. ಕಾಲು ಗಂಟೆ ನಾದಿದರೂ ಒಡೆದ ಹೆಂಟೆಯಂತೆಯೇ ಇತ್ತು. ಉದ್ದಿನ ಹಪ್ಪಳದ ಹಿಟ್ಟನ್ನು ನಮ್ಮ ಹೆಂಗಸರು ಒನಕೆಯಿಂದ ಕುಟ್ಟಿ ಹದಗೊಳಿಸುವುದು ನೆನಪಾಗಿ, ಇನ್ನು ಒನಕೆ ಬರುವುದೆಂದು ಕಾದೆ. ಬಂದದ್ದು ಒಂದು ದಪ್ಪ ಚೀಲ. ಹಿಟ್ಟನ್ನು ಅದರೊಳಗಿಟ್ಟು, ಬಾಯಿ ಮಡಿಚಿ, ನೆಲದ ಮೇಲೆ ಶುಭ್ರವಾದ ಬಟ್ಟೆಯನ್ನು ಹಾಸಿ ಅದರ ಮೇಲಿರಿಸಿ, ಆಕೆ ನಮ್ಮನ್ನು ನೋಡಿ, ಇನ್ನು ತುಳಿಯಿರಿ ಎಂದರು.

ನಾನು ನಿಂತುಬಿಟ್ಟೆ. ಉಳಿದವರಲ್ಲಿ ಇಬ್ಬರು ತರುಣರು ಆಗಲೇ ಚೀಲವನ್ನೇರಿ, ಕೈ ಕೈ ಹಿಡಿದು ಕುಣಿಯುತ್ತ ಒಬ್ಬರ ಚಿತ್ರವನ್ನೊಬ್ಬರು ತೆಗೆದುಕೊಳ್ಳುತ್ತಿದ್ದರು. ನನ್ನ ಮೊಣಕಾಲು ನೋಯುತ್ತಿರಬೇಕೆಂದು ಬಗೆದ ಆ ತಾಯಿ ಸದ್ದಿಲ್ಲದೆ ಒಂದು ಲಟ್ಟಣಿಗೆಯನ್ನು ತಂದು ನನ್ನ ಮುಂದಿಟ್ಟರು. ಇಷ್ಟಾದಮೇಲೆ ಬಲಾತ್ಕಾರವೆಂಬ ನೆಪವೂ ಉಳಿಯಲಿಲ್ಲ. ಲಟ್ಟಣಿಗೆಯನ್ನು ಹಿಡಿದರೆ ಯಾರೂ ಏನೂ ಅನ್ನುತ್ತಿರಲಿಲ್ಲ. ತುಳಿದರೆ ನಾನೇ ಒಪ್ಪಿ ತುಳಿದಂತೆ.

ಆ ಗಳಿಗೆಯಲ್ಲಿ ಮನಸ್ಸು ಎಷ್ಟು ವಕೀಲಿಕೆಯನ್ನು ಮಾಡುತ್ತದೆ! ಅತಿಥಿಯಾದವನು ಮನೆಯವರ ರೀತಿಯನ್ನು ಅನುಸರಿಸಬೇಕೆಂಬ ವಾದ ಮೊದಲು ಬಂತು. ಅದು ನನಗೆ ಹಿಡಿಸಲಿಲ್ಲ. ತಪ್ಪೆಂದು ನಾನು ನಂಬಿದ್ದು ದಾಕ್ಷಿಣ್ಯದಿಂದ ಸರಿಯಾಗುವುದಾದರೆ ಆ ನಂಬಿಕೆಗೆ ಬೆಲೆ ಎಲ್ಲಿಯದು? ಅನಂತರ ದೇಶಾಚಾರದ ವಾದ. ದೇಶ ಬದಲಾದರೆ ಆಚಾರ ಬದಲಾಗಲಿ. ಕಾಲು ನನ್ನದೇ ಅಲ್ಲವೆ? ಇದು ಹಿಟ್ಟು, ಇನ್ನೂ ಅನ್ನವಾಗಿಲ್ಲ ಎಂದು ಮೂರನೆಯದು. ಇದರಲ್ಲಿ ಮಾತ್ರ ಸ್ವಲ್ಪ ತಿರುಳಿತ್ತು. ನಮ್ಮ ಸುಗ್ಗಿಯ ಕಣದಲ್ಲಿ ರಾಗಿಯ ತೆನೆಯನ್ನು ಹರಡಿ ಎತ್ತುಗಳಿಂದ ತುಳಿಸುತ್ತಾರೆ. ಅವುಗಳ ಹಿಂದೆ ಒಕ್ಕಲಿಗನೂ ಬರಿಗಾಲಿನಲ್ಲಿ ಸುತ್ತು ಹಾಕುತ್ತಾನೆ. ತೂರಿ, ರಾಶಿ ಮಾಡಿ, ಪೂಜೆ ಮಾಡಿದ ಮೇಲೆ ಅದೇ ಕಾಳಿಗೆ ಕಾಲು ಸೋಕಿದರೆ ಅಪರಾಧ. ಕಾಳು ಅನ್ನವಾಗುವುದು ಯಾವ ಕ್ಷಣದಲ್ಲಿ? ಈಚೆಗೆ ಹುರುಳಿಯನ್ನೂ ರಾಗಿಯನ್ನೂ ಡಾಂಬರು ರಸ್ತೆಯ ಮೇಲೆ ಹರಡಿ ಬಸ್ಸು ಲಾರಿಗಳ ಚಕ್ರದಿಂದ ಒಕ್ಕಣೆ ಮಾಡಿಸುವುದನ್ನು ಎಲ್ಲರೂ ಬಲ್ಲರು. ಆ ಹುರುಳಿಯ ಸಾರನ್ನು ನಾನು ಅಭ್ಯಂತರವಿಲ್ಲದೆ ಉಂಡಿದ್ದೇನೆ. ಚಕ್ರಕ್ಕಿಂತ ನನ್ನ ಕಾಲು ಕೀಳೆ?

ಹೀಗಿದ್ದರೂ, ನನ್ನನ್ನು ಒಪ್ಪಿಸಿದ್ದು ಈ ವಾದಗಳಲ್ಲವೆಂದು ಪ್ರಾಮಾಣಿಕವಾಗಿ ಹೇಳಬೇಕು. ಪಕ್ಕದಲ್ಲಿ ಆಕೆ ತಮ್ಮ ಪಾಲಿನ ಹಿಟ್ಟನ್ನು ತುಳಿಯಲು ತೊಡಗಿದ್ದರು. ಕೆಲಸಕ್ಕೆಂದೇ ಇಟ್ಟುಕೊಂಡಿದ್ದ ಬಿಳಿಯ ಕಾಲುಚೀಲವನ್ನು ತೊಟ್ಟು, ಮೊದಲು ಮಂಡಿಯೂರಿ ಕೂತು ಚೀಲದ ಸುಕ್ಕನ್ನು ಅಂಗೈಯಿಂದ ನೇವರಿಸಿ, ಎದ್ದು, ಹಿಮ್ಮಡಿಯಿಂದ ನಡುವನ್ನು ಒತ್ತಿ, ಅಂಚಿನ ಕಡೆಗೆ ಒಂದೊಂದೇ ಅಂಗುಲ ಸರಿಯುತ್ತಿದ್ದರು. ಮಾತಿಲ್ಲ, ಅವಸರವಿಲ್ಲ. ಮಲಗಿದ ಮಗುವಿನ ಹೊದಿಕೆಯನ್ನು ಸರಿಪಡಿಸುವವರ ಮುಖದಲ್ಲಿ ಅಂಥ ಎಚ್ಚರವನ್ನು ಕಂಡಿದ್ದೇನೆ. ಆ ಕಾಲಿನಲ್ಲಿ ಅವಮಾನವೆಂಬುದು ಎಲ್ಲಿದೆಯೆಂದು ಹುಡುಕಿದೆ, ಸಿಕ್ಕಲಿಲ್ಲ. ಬಚ್ಚಲಿಗೆ ಹೋಗಿ ಕಾಲನ್ನು ತೊಳೆದುಕೊಂಡು ಬಂದೆ, ಬಗ್ಗಿ ಚೀಲವನ್ನು ಮುಟ್ಟಿ ಕಣ್ಣಿಗೊತ್ತಿಕೊಂಡೆ, ತುಳಿದೆ.

ಅಂಗಾಲಿನ ಕೆಳಗೆ ಆ ಹಿಟ್ಟು ಮೊದಲು ಕಲ್ಲು. ಮಡಿಚಿ ಮಡಿಚಿ ನಾಲ್ಕನೆಯ ಬಾರಿ ತುಳಿಯುವಾಗ ಒಳಗೆಲ್ಲೋ ಸೋತು ಒಂದಾಯಿತು. ಕೈಗೆ ತಿಳಿಯದಿದ್ದ ಹದ ಕಾಲಿಗೆ ತಿಳಿಯಿತು. ಪಶ್ಚಾತ್ತಾಪ ಬರುವುದೆಂದು ಕಾದೆ, ಬರಲಿಲ್ಲ. ಅದು ಬಾರದಿದ್ದುದೇ ನನ್ನನ್ನು ಅಂದಿನಿಂದ ಕಾಡುತ್ತಿರುವ ವಿಷಯ.

ಊಟದ ಹೊತ್ತಿಗೆ ಇನ್ನೊಂದು ಪಾಠ ಕಾದಿತ್ತು. ಸಾರು ಬಹು ಸೊಗಸಾಗಿತ್ತು. 1908ರಲ್ಲಿ ಕಿಕುನೆ ಇಕೇಡಾ ಎಂಬ ರಸಾಯನಶಾಸ್ತ್ರಜ್ಞರು ಇದೇ ಕೊಂಬುವಿನಿಂದ ಗ್ಲುಟಮೇಟನ್ನು ಬೇರ್ಪಡಿಸಿ ಅದರ ರುಚಿಗೆ ಉಮಾಮಿ ಎಂಬ ಹೆಸರನ್ನಿತ್ತರು. ಒಣ ಅಣಬೆಯ ಸತ್ತ್ವ ಅದರೊಡನೆ ಸೇರಿದರೆ ರುಚಿ ಎರಡರ ಮೊತ್ತವನ್ನೂ ಮೀರುವುದೆಂಬುದು ಆಮೇಲೆ ತಿಳಿದುಬಂತು. ಷಡ್ರಸಗಳ ನಮ್ಮ ಎಣಿಕೆಯಲ್ಲಿ ಇದನ್ನು ಎಲ್ಲಿ ಸೇರಿಸಬೇಕೆಂದು ಯೋಚಿಸುತ್ತ, ಪಕ್ಕದಲ್ಲಿಟ್ಟಿದ್ದ ಅನ್ನದ ಬಟ್ಟಲಿನಲ್ಲಿ ನನ್ನ ಊಟದ ಕಡ್ಡಿಗಳೆರಡನ್ನೂ ನೆಟ್ಟಗೆ ಚುಚ್ಚಿ ನಿಲ್ಲಿಸಿದೆ. ಅಲ್ಲಿಯವರೆಗೂ ನಗುತ್ತಿದ್ದ ಆಕೆಯ ಮುಖ ಒಂದು ಕ್ಷಣ ಬಿಳುಪೇರಿತು. ಕೂಡಲೇ ಕೈನೀಡಿ ಕಡ್ಡಿಗಳನ್ನು ಮೆಲ್ಲನೆ ತೆಗೆದು ಅಡ್ಡಲಾಗಿ ಇಟ್ಟರು. ಅನ್ನದಲ್ಲಿ ಕಡ್ಡಿಗಳನ್ನು ನೆಡುವುದು ಅವರಲ್ಲಿ ಸತ್ತವರಿಗೆ ಎಡೆಯಿಡುವ ಕ್ರಮ. ಬದುಕಿರುವವರ ಪಂಕ್ತಿಯಲ್ಲಿ ಹಾಗೆ ಮಾಡುವುದು ಎಂಥ ಅಮಂಗಳವೆಂಬುದನ್ನು ಎಲೆಯ ತುದಿ ಯಾವ ಕಡೆಗಿರಬೇಕೆಂದು ಬಲ್ಲ ನಮ್ಮವರಿಗೆ ವಿವರಿಸಬೇಕಾಗಿಲ್ಲ. ಕಾಲಿನ ವಿಷಯದಲ್ಲಿ ಅಷ್ಟು ತರ್ಕ ಮಾಡಿದವನು ಕೈಯಿಂದಲೇ ಅನ್ನಕ್ಕೆ ಅಪಚಾರವೆಸಗಿದ್ದೆ.

ಮರುದಿನ ಅದೇ ನಗರದ ಕೆನ್ನಿಂಜಿ ಎಂಬ ಬೌದ್ಧ ವಿಹಾರಕ್ಕೆ ಹೋದೆ. ಹದಿಮೂರನೆಯ ಶತಮಾನದಲ್ಲಿ ಡೋಗೆನ್ ಎಂಬ ಆಚಾರ್ಯ ತರುಣನಾಗಿದ್ದಾಗ ಕಲಿತ ಸ್ಥಳವದು. ಆತ 1223ರಲ್ಲಿ ಧರ್ಮವನ್ನರಸಿ ಚೀನಾಕ್ಕೆ ಹೋದಾಗ, ಅಲ್ಲಿಯ ವಿಹಾರವೊಂದರಲ್ಲಿ ಬೆನ್ನು ಬಾಗಿದ ಮುದುಕ ಅಡಿಗೆಯವನೊಬ್ಬ ಸುಡುಬಿಸಿಲಿನಲ್ಲಿ, ತಲೆಗೆ ಟೋಪಿಯೂ ಇಲ್ಲದೆ, ಅಡಿಗೆಯ ಪದಾರ್ಥವನ್ನು ಒಣಹಾಕುತ್ತಿದ್ದನಂತೆ. ಅದು ಅಣಬೆಯೆಂದು ಕೆಲವರೂ ಕಡಲಪಾಚಿಯೆಂದು ಕೆಲವರೂ ಅರ್ಥಮಾಡುತ್ತಾರೆ. ನನ್ನ ಸಾರಿನಲ್ಲಿ ಎರಡೂ ಇದ್ದುದರಿಂದ ನನಗೆ ಈ ಜಗಳವಿಲ್ಲ. ಆಳುಗಳಿಂದ ಮಾಡಿಸಬಾರದೆ ಎಂದು ತರುಣ ಕೇಳಿದ್ದಕ್ಕೆ, ಇತರರು ತಾನಲ್ಲವಲ್ಲ ಎಂಬ ಅರ್ಥದ ಉತ್ತರ ಬಂತು. ಡೋಗೆನ್ 1237ರಲ್ಲಿ ವಿಹಾರದ ಅಡಿಗೆಯವರಿಗಾಗಿಯೇ ಒಂದು ಉಪದೇಶಗ್ರಂಥವನ್ನು ಬರೆದು ಈ ಕಥೆಯನ್ನು ಅದರಲ್ಲಿ ಹೇಳಿದ. ಪದಾರ್ಥಗಳನ್ನು ತನ್ನ ಕಣ್ಣುಗಳೋ ಎಂಬಂತೆ ಕಾಪಾಡಬೇಕೆಂಬ ಪೂರ್ವಿಕರ ಮಾತನ್ನೂ ಅಲ್ಲಿ ನೆನೆಯುತ್ತಾನೆ. ಈ ಕಣ್ಣಿನ ಮಾತನ್ನು ಓದಿದಾಗ ನನ್ನ ಬೆರಳು ತಾನಾಗಿಯೇ ಮೇಲೆದ್ದಿತು. ಬಿದ್ದ ಅಗುಳನ್ನು ಕಣ್ಣಿಗೊತ್ತಿಕೊಳ್ಳುವ ನಾವೂ ಅದನ್ನೇ ಹೇಳುತ್ತಿದ್ದೇವೆಯೆ?

ಹಾಗಾದರೆ ನಿಯಮ ಬರಿಯ ಹೊರಸಿಪ್ಪೆ, ಭಾವವೇ ಮುಖ್ಯ ಎಂದು ಮುಗಿಸಿಬಿಡುವ ಆಸೆಯಾಗುತ್ತದೆ. ನಾನು ಒಪ್ಪಲಾರೆ. ಕುಣಿಯುತ್ತ ತುಳಿದ ಆ ತರುಣರಿಗೂ ನನಗೂ ಇದ್ದ ಅಂತರವೇನು? ಅವರು ಕೆಟ್ಟವರಲ್ಲ, ಅವರ ಎಳೆಗಳು ನನ್ನವಕ್ಕಿಂತ ನಯವಾಗಿಯೇ ಬಂದುವು. ಆದರೆ ಅವರಿಗೆ ಹಿಟ್ಟು ಹಿಟ್ಟಾಗಿತ್ತು. ನನ್ನನ್ನು ಅದು ತಡೆದು ನಿಲ್ಲಿಸಿತು. ಆ ತಡೆಯನ್ನು ನನ್ನೊಳಗಿಟ್ಟದ್ದು ಕಾರಣ ಹೇಳದೆ ಕಲಿಸಿದ ನಿಯಮ. ನಿಯಮವಿಲ್ಲದ ಭಾವ ನನಗೆ ತಾನಾಗಿ ಬರುತ್ತಿತ್ತೆಂದು ಹೇಳುವ ಧೈರ್ಯ ನನಗಿಲ್ಲ. ನಿಯಮವನ್ನು ಮೀರಿದ ದಿನವೇ ಅದರ ಋಣ ನನಗೆ ತಿಳಿದದ್ದು ವಿಚಿತ್ರ.

ನಮ್ಮ ಮನೆಯ ಅಡಿಗೆಯ ಕೋಣೆಯಲ್ಲಿ ಹಿಟ್ಟನ್ನು ತುಳಿಯುವೆನೆ? ಖಂಡಿತ ಇಲ್ಲ. ಇದು ಆಷಾಢಭೂತಿತನವೆಂದು ಗೆಳೆಯರೊಬ್ಬರು ಹಾಸ್ಯ ಮಾಡಿದರು. ಒಂದೇ ಧ್ವನಿಗೆ ಎರಡು ಭಾಷೆಗಳಲ್ಲಿ ಎರಡರ್ಥವಿರುವಂತೆ, ಕಾಲಿನ ಒಂದೇ ಚಲನೆಗೆ ಎರಡು ಮನೆಗಳಲ್ಲಿ ಎರಡರ್ಥವೆಂದು ಅವರಿಗೆ ಉತ್ತರ ಕೊಟ್ಟೆ. ಉತ್ತರ ಚೆನ್ನಾಗಿಯೇ ಇತ್ತು, ಅವರು ಸುಮ್ಮನಾದರು. ನಾನು ಮಾತ್ರ ಸುಮ್ಮನಾಗಲಿಲ್ಲ. ಚೆನ್ನಾದ ಉತ್ತರಗಳ ಮೇಲೆ ನನಗೆ ವಯಸ್ಸಾದಂತೆ ಅನುಮಾನ ಹೆಚ್ಚುತ್ತಿದೆ.

ಊರಿಗೆ ಬಂದು ಬಹು ದಿನ ಈ ಸಂಗತಿಯನ್ನು ತಾಯಿಯವರಿಗೆ ಹೇಳಿರಲಿಲ್ಲ. ಒಂದು ಮಧ್ಯಾಹ್ನ ಅವರು ಜಗಲಿಯಲ್ಲಿ ಕುಳಿತು ಮೊರದಲ್ಲಿ ಅಕ್ಕಿಯನ್ನು ಆರಿಸುತ್ತಿದ್ದಾಗ ಎಲ್ಲವನ್ನೂ ಹೇಳಿದೆ. ಅವರ ಕೈ ನಿಂತಿತು. ಬೈಗುಳಕ್ಕೆ ಸಿದ್ಧನಾಗಿ ನಾನು ತಲೆ ತಗ್ಗಿಸಿದೆ.

"ಕಾಲು ತೊಳಕೊಂಡಿದ್ದೆ ತಾನೆ?" ಎಂದರು.

"ತೊಳಕೊಂಡಿದ್ದೆ, ಅಮ್ಮ."

"ಮಿಕ್ಕ ಹಿಟ್ಟು ಏನು ಮಾಡಿದರು?"

ಅಂಚಿನಲ್ಲಿ ಉಳಿದ ಚೂರುಗಳನ್ನೂ ಬಿಡದೆ ಕೂಡಿಸಿ, ಬೇಯಿಸಿ, ನಮಗೇ ಬಡಿಸಿದರೆಂದು ಹೇಳಿದೆ. ಅವರು ಹೂಂಗುಟ್ಟಿ ಮತ್ತೆ ಮೊರದ ಕಡೆಗೆ ಬಗ್ಗಿದರು.